ಹುಳುವಿಗೆ ಹುಳುವನ್ನೇ ತರಿಸಬಹುದೇ?

ಓಲೆ: ಕಳೆದ ಸಂಚಿಕೆಯಲ್ಲಿ ಯಾವುದೋ ಪೆಸಿಫಿಕ್ ದ್ವೀಪದ ಬಸವನಹುಳುವಿಗೆ ಎರಡು ಪುಟ ಕೊಟ್ಟಿದ್ದೀರಿ. ಇಲ್ಲಿ ಆಫ್ರಿಕದ ಬಸವನಹುಳು ನಮ್ಮ ತೋಟವನ್ನೇ ಮೇಯುತ್ತಿದೆ. ಅದನ್ನು ಹಿಡಿದು ತಿನ್ನುವ ಬಸವನಹುಳು ಅಮೆರಿಕದಲ್ಲಿದೆಯಂತೆ. ಅದನ್ನು ಸರ್ಕಾರ ತರಿಸಲಿ ಎಂದು ಬರೆಯಬಾರದೇ? – ಅಡಿಕೆ ಬೆಳೆಗಾರರೊಬ್ಬರು, ತೀರ್ಥಹಳ್ಳಿ ತಾಲ್ಲೂಕು

ನಿಮ್ಮ ಕಷ್ಟ ನಿಜ. ಎಳೆ ಸಸಿ, ಬಾಳೆ, ತರಕಾರಿ ಯಾವುದನ್ನೂ ಅದು ಬಿಡುವುದಿಲ್ಲ. ಒಮ್ಮೆ ಕೂಡಿದರೆ ಹಲವು ಕಂತಿನಲ್ಲಿ ನೂರಾರು ಮೊಟ್ಟೆ ಇಡುತ್ತದೆ. ಆದರೆ ಸ್ವಾಮಿ, ಆ ಎರಡು ಪುಟವನ್ನು ಪೂರ್ತಿ ಓದಿದ್ದರೆ ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲೇ ಸಿಗುತ್ತಿತ್ತು.

ಆಫ್ರಿಕದ ಹುಳು 1967ರಲ್ಲಿ ಪೆಸಿಫಿಕ್ ಸಾಗರದ ತಾಹಿತಿ ದ್ವೀಪಕ್ಕೆ ಕಾಲಿಟ್ಟಿತು. ಅದನ್ನು ಅಡಗಿಸಲು ನೀವು ಹೇಳುವ ಬೇಟೆಗಾರನನ್ನೇ, ಅಂದರೆ ಯೂಗ್ಲಾಂಡಿನಾ ರೋಸಿಯಾವನ್ನು, 1974ರಲ್ಲಿ ತಾಹಿತಿಗೂ 1977ರಲ್ಲಿ ಪಕ್ಕದ ಮೊರಿಯಾಕ್ಕೂ ತಂದು ಬಿಟ್ಟರು. ಮೊರಿಯಾದಲ್ಲಿ ಪಾರ್ಟುಲಾ ಎಂಬ ಪುಟ್ಟ ಮರಬಸವನಹುಳು ಕುಲದ ಏಳು ಪ್ರಭೇದಗಳಿದ್ದವು. ಹತ್ತು ವರ್ಷ ಕಳೆದು ಹುಡುಕಿದಾಗ ಕಾಡಿನಲ್ಲಿ ಒಂದೂ ಕಾಣಲಿಲ್ಲ.

ಕಾರಣ ಸರಳ. ಬೇಟೆಗಾರ ಲೋಳೆಯ ಜಾಡನ್ನು ತುಟಿಯ ಬಳಿಯ ಮೀಸೆಯಂಥ ಅಂಗದಿಂದ ಮುಟ್ಟಿ ನೋಡುತ್ತಾ ಹಿಂಬಾಲಿಸುತ್ತದೆ, ಮರವನ್ನೂ ಹತ್ತುತ್ತದೆ. ಬೆಳೆದ ಆಫ್ರಿಕದ ಹುಳು ಅದಕ್ಕೆ ತೀರಾ ದೊಡ್ಡ ತುತ್ತು. ಎರಡು ಸೆಂಟಿಮೀಟರ್ ಆಸುಪಾಸಿನ ಪಾರ್ಟುಲಾ ಸುಲಭದ ತುತ್ತು. ಪಾರ್ಟುಲಾ ರಾಶಿ ಮೊಟ್ಟೆ ಇಡುವುದಿಲ್ಲ. ಒಂದು ಸಲಕ್ಕೆ ಒಂದೇ ಮರಿ ಹಾಕುತ್ತದೆ. ಹಾಗಾಗಿ ಕಳೆದುಕೊಂಡಷ್ಟನ್ನು ತುಂಬಿಕೊಳ್ಳಲು ಅದಕ್ಕೆ ಸಾಧ್ಯವೇ ಆಗಲಿಲ್ಲ. ಅದು ತಿನ್ನುತ್ತಿದ್ದದ್ದಾದರೂ ಏನು? ಕೊಳೆತ ಎಲೆ, ಪಾಚಿ. ಯಾರ ಬೆಳೆಗೂ ಬಾಯಿ ಹಾಕದ ಜೀವಿ. ಅಮೆರಿಕದ ಜೀವವಿಜ್ಞಾನಿ ಹೆನ್ರಿ ಕ್ರಾಂಪ್ಟನ್ 1906ರಿಂದ ದಶಕಗಳ ಕಾಲ ಇವುಗಳ ಚಿಪ್ಪು ಅಳೆದು, ಕಣಿವೆಯಿಂದ ಕಣಿವೆಗೆ ಬಣ್ಣವೂ ಸುರುಳಿಯ ದಿಕ್ಕೂ ಹೇಗೆ ಬೇರೆಯಾಗುತ್ತವೆ ಎಂದು ದಾಖಲಿಸಿದ್ದರು. ಜೀವವಿಕಾಸವನ್ನು ಕಣ್ಣಾರೆ ಓದಬಹುದಾಗಿದ್ದ ಅಂಥ ಜಾಗ ಒಂದು ದಶಕದಲ್ಲಿ ಬರಿದಾಯಿತು.

ಉಳಿದದ್ದು ಬಹುಪಾಲು ಮೃಗಾಲಯಗಳಿಗೆ ಒಯ್ದಿದ್ದ ಕೆಲವೇ. ಅಲ್ಲೂ ಎಲ್ಲವೂ ಬದುಕಲಿಲ್ಲ. ಅದೇ ದ್ವೀಪಸಮೂಹದ ರಾಯಾಟಿಯಾದಿಂದ ಒಯ್ದಿದ್ದ ಪಾರ್ಟುಲಾ ಟರ್ಗಿಡಾದ ಕೊನೆಯ ಹುಳು 1996ರ ಜನವರಿಯಲ್ಲಿ ಲಂಡನ್ನಿನಲ್ಲಿ ಪರಾವಲಂಬಿ ಸೋಂಕಿಗೆ ಸತ್ತಿತು. ಮೊರಿಯಾದಲ್ಲಿ ವಿದ್ಯುತ್ ತಂತಿ ಮತ್ತು ಉಪ್ಪಿನ ಕಾಲುವೆಯ ಬೇಲಿ ಕಟ್ಟಿ, ಒಳಗೆ ಪಾರ್ಟುಲಾ ಬಿಟ್ಟು ನೋಡಿದರು. ಒಂದು ಕೊಂಬೆ ಮುರಿದು ಬೇಲಿಯ ಮೇಲೆ ಬಿದ್ದರೆ ಬೇಟೆಗಾರನಿಗೆ ಅದೇ ಸೇತುವೆ. 2015ರಿಂದ ಮತ್ತೆ ಕಾಡಿಗೆ ಬಿಡುತ್ತಿದ್ದಾರೆ, ಗುರುತಿಗೆ ಚಿಪ್ಪಿನ ಮೇಲೆ ಬಣ್ಣದ ಚುಕ್ಕೆ ಇಟ್ಟು. 2024ರಲ್ಲಿ ಚುಕ್ಕೆಯಿಲ್ಲದ ಬೆಳೆದ ಪಾರ್ಟುಲಾ ಟೊಹಿವಿಯಾನಾ ಕಾಣಿಸಿದವು, ಅಂದರೆ ಕಾಡಿನಲ್ಲೇ ಹುಟ್ಟಿದವು. ಇಷ್ಟಕ್ಕೆ ಎಷ್ಟು ಜನರ ಎಷ್ಟು ವರ್ಷದ ಕೆಲಸ ಬೇಕಾಯಿತು, ಯೋಚಿಸಿ.

ಪರೀಕ್ಷಿಸಿ ತಂದ ಕೀಟ ಕೆಲಸಕ್ಕೆ ಬರುವುದುಂಟು, ಒಪ್ಪುತ್ತೇನೆ. ಪಾರ್ಥೇನಿಯಂ ತಿನ್ನಲು ಮೆಕ್ಸಿಕೋದಿಂದ ತಂದ ಜೀರುಂಡೆಯನ್ನು 1984ರಲ್ಲಿ ಬೆಂಗಳೂರಿನಲ್ಲಿ ಬಿಟ್ಟದ್ದು ಅದು ಬೇರೆ ಏನನ್ನು ತಿಂದೀತು ಎಂದು ನೋಡಿದ ಮೇಲೆ. ಯೂಗ್ಲಾಂಡಿನಾ ಆ ಪರೀಕ್ಷೆಯಲ್ಲಿ ಎಂದೂ ಪಾಸಾಗದು. ಬಂದರೆ ನಿಮ್ಮ ತೋಟ ದಾಟಿ ಕಾಡಿಗೆ ಹೋಗುತ್ತದೆ. ಅಲ್ಲಿ ಪಶ್ಚಿಮ ಘಟ್ಟ ಬಿಟ್ಟರೆ ಬೇರೆಲ್ಲೂ ಇಲ್ಲದ ಬಸವನಹುಳುಗಳಿವೆ. ಕೆಂಪು ಮೈಯ ಇಂಡ್ರೆಲ್ಲಾ ಆಂಪುಲ್ಲಾ ಅವುಗಳಲ್ಲೊಂದು. ಹುಲಿ, ಆನೆಗಳ ಗಣತಿ ತಪ್ಪದೆ ನಡೆಯುವ ನಾಡಿನಲ್ಲಿ ಇವನ್ನು ಕೇಳುವವರಿಲ್ಲ. ಇದ್ದದ್ದೇ ಗೊತ್ತಿಲ್ಲದಿದ್ದರೆ ಹೋದದ್ದು ಹೇಗೆ ಗೊತ್ತಾಗಬೇಕು?

ಇನ್ನು ನಿಮ್ಮ ತೋಟ. ಬೇಸಿಗೆಯಲ್ಲಿ ಹುಳು ಚಿಪ್ಪಿನ ಬಾಯಿ ಮುಚ್ಚಿಕೊಂಡು ಕಲ್ಲುಸಂದಿ, ಸೋಗೆಯ ರಾಶಿಗಳಲ್ಲಿ ಮಲಗಿರುತ್ತದೆ. ಮೊದಲು ಆ ಅಡಗುತಾಣ ತೆಗೆಯಿರಿ. ಮೊದಲ ಮಳೆಗೆ ಎಚ್ಚರಗೊಂಡು ಹೊರಬಂದಾಗ, ಮೊಟ್ಟೆ ಇಡುವ ಮುಂಚೆ, ಹಿಡಿಯಬೇಕು. ಸಂಜೆ ಒದ್ದೆ ಗೋಣಿಚೀಲದಡಿ ಪಪ್ಪಾಯಿ ಎಲೆ, ಎಲೆಕೋಸು ಹರಡಿ, ಬೆಳಗಾಗುತ್ತಲೇ ಆರಿಸಿ. ಬರಿಗೈ ಬೇಡ, ಮಿದುಳಿಗೆ ಹತ್ತುವ ಇಲಿ ಶ್ವಾಸಕೋಶದ ಜಂತು ಇವುಗಳಲ್ಲಿರಬಹುದು. ಗಟ್ಟಿ ಉಪ್ಪುನೀರಿನ ಬಕೆಟ್ಟಿಗೆ ಹಾಕಿ ಕೊಂದು, ಆಳವಾಗಿ ಹೂಳಿ. ಉಪ್ಪನ್ನು ನೆಲಕ್ಕೆ ಎರಚಿದರೆ ಮಣ್ಣು ಕೆಡುತ್ತದೆ. ಬಸವನಹುಳು ಕೊಲ್ಲುವ ಮೆಟಾಲ್ಡಿಹೈಡ್ ವಿಷದ ಗುಳಿಗೆಯನ್ನು ನಾಯಿ, ದನ ತಿಂದರೆ ಸಾಯುತ್ತವೆ, ಆದ್ದರಿಂದ ಅದು ಕೊನೆಯ ಉಪಾಯ. ಅಕ್ಕಪಕ್ಕದ ತೋಟದವರೂ ಅದೇ ವಾರ ಆರಿಸದಿದ್ದರೆ ಅಲ್ಲಿಂದ ಮತ್ತೆ ಬರುತ್ತವೆ. ಅವರನ್ನೂ ಕರೆದುಕೊಂಡೇ ಶುರುಮಾಡಿ.

– ಸಂ.