ದರಕು ಸುಟ್ಟರೆ ಬೂದಿ ಉಳಿಯುತ್ತದೆ, ಹೋಗುವುದೇನು?

ಪ್ರಶ್ನೆ: ಶಿರಸಿ ಸೀಮೆಯಲ್ಲಿ ನಮಗೆ ಎರಡು ಎಕರೆ ಅಡಿಕೆ ತೋಟ, ಅದಕ್ಕೆ ಸೇರಿದ, ಗೊಬ್ಬರಕ್ಕೆ ಸೊಪ್ಪು-ಎಲೆ ತರುವ ಸೊಪ್ಪಿನ ಬೆಟ್ಟ ಇದೆ. ಅಲ್ಲಿಂದ ದರಕು (ಉದುರಿದ ಒಣ ಎಲೆ) ಹೊತ್ತು ತರಲು ಆಳು ಸಿಗುವುದಿಲ್ಲ. ಗಿಡಕ್ಕೆ ಶಕ್ತಿ ಸೂರ್ಯನಿಂದ ಬರುತ್ತದೆ ಅಂತ ಶಾಲೆಯಲ್ಲಿ ಓದಿದ್ದೆ. ಹಾಗಾದರೆ ದರಕು ಸುಟ್ಟು ಬೂದಿ ತಂದು ಹಾಕಿದರೆ ಸಾಲದೇ?
– ಒಬ್ಬ ಅಡಿಕೆ ಬೆಳೆಗಾರ

ಉತ್ತರ: ನೀವು ಓದಿದ್ದು ನಿಜ. ಅಡಿಕೆ ಮರ ದರಕಿನಿಂದ ಒಂದು ಚೂರೂ ಶಕ್ತಿ ಪಡೆಯುವುದಿಲ್ಲ. ಆದರೆ ದರಕಿನಲ್ಲಿ ಶಕ್ತಿ ತುಂಬಿದೆ. ಅದನ್ನು ಉಣ್ಣುವವರು ಬೇರೆ.

ಒಂದು ಕಿಲೋ ಒಣ ಎಲೆಯಲ್ಲಿ ಸುಮಾರು 4,000 ಕಿಲೋಕ್ಯಾಲರಿ ಇರುತ್ತದೆ, ಒಂದು ಕಿಲೋ ಅಕ್ಕಿಗಿಂತ ಕಡಿಮೆಯೇನಲ್ಲ. ನಮಗೆ ಅದು ಜೀರ್ಣವಾಗದು. ಶಿಲೀಂಧ್ರ, ಬ್ಯಾಕ್ಟೀರಿಯಾ, ಗೆದ್ದಲು, ಎರೆಹುಳಗಳಿಗೆ ಅದೇ ಊಟ. ಕಾಡಿನ ಎಲೆಗಳಲ್ಲಿ ದನ, ಜಿಂಕೆ, ಹುಳುಗಳ ಬಾಯಿಗೆ ಹೋಗುವುದು ಸಣ್ಣ ಪಾಲು. ಬಹುಪಾಲು ಉದುರಿ ಈ ನೆಲದ ಜೀವಿಗಳಿಗೇ ಸಲ್ಲುತ್ತದೆ. ಅಮೆರಿಕದ ಮಿನೆಸೋಟಾದ ಸೀಡರ್ ಬಾಗ್ ಕೆರೆಯಲ್ಲಿ ಶಕ್ತಿ ಹೇಗೆ ಹರಿಯುತ್ತದೆಂದು ಲೆಕ್ಕ ಹಾಕಿದ ರೇಮಂಡ್ ಲಿಂಡ್‌ಮನ್, 1942ರಲ್ಲಿ ಪ್ರಕಟವಾದ ತಮ್ಮ ನಕ್ಷೆಯ ನಡುವೆ ಮೀನನ್ನು ಇಡಲಿಲ್ಲ, ಸತ್ತ ಗಿಡ, ಜೀವಿಗಳೆಲ್ಲ ಬಂದು ಕೊಳೆಯುವ ಕೆರೆಯ ತಳದ ರಾಡಿಯನ್ನು ಇಟ್ಟರು. ನಿಮ್ಮ ತೋಟದ ನೆಲಕ್ಕೆ ಹೊದಿಸಿದ ಎಲೆಯ ಮುಚ್ಚಿಗೆಯ ಅಡಿ ಕೈಹಾಕಿ ನೋಡಿ, ಅವರು ಯಾಕೆ ಹಾಗೆ ಮಾಡಿದರೆಂದು ತಿಳಿಯುತ್ತದೆ.

ಈ ಜೀವಿಗಳು ದರಕಿನ ಶಕ್ತಿಯನ್ನು ಬಳಸಿ ಮುಗಿಸುತ್ತವೆ. ಅದು ಬಿಸಿಯಾಗಿ ಹೊರಟುಹೋಗುತ್ತದೆ, ಮತ್ತೆ ಬರುವುದಿಲ್ಲ. ಎಲೆಯಲ್ಲಿದ್ದ ಸಾರಜನಕ, ರಂಜಕ ಮಾತ್ರ ಸ್ವಲ್ಪ ಸ್ವಲ್ಪವಾಗಿ ಬೇರಿಗೆ ಸಿಗುತ್ತವೆ. ಬೆಳೆಗಳು ಮೇಲೆ ಬಿದ್ದ ಬಿಸಿಲಿನಲ್ಲಿ ಸಾಮಾನ್ಯವಾಗಿ ಶೇ. 1–2ರಷ್ಟನ್ನೇ ಹಿಡಿದಿಡುತ್ತವೆ. ಹಿಡಿಯುವ ಪತ್ರಹರಿತ್ತನ್ನೂ ಕಿಣ್ವಗಳನ್ನೂ ಕಟ್ಟಲು ಸಾರಜನಕ ಬೇಕೇ ಬೇಕು. ಅದು ಸಾಲದಿದ್ದರೆ ಎಲೆ ಹಳದಿಯಾಗುತ್ತದೆ. ತಲೆಯ ಮೇಲೆ ಎಷ್ಟು ಬಿಸಿಲಿದ್ದರೂ ಮರ ಅದನ್ನು ಹಿಡಿಯಲಾರದು.

ಈಗ ಬೆಂಕಿಗೆ ಬನ್ನಿ. ಬೂದಿಯಲ್ಲಿ ಪೊಟ್ಯಾಷ್, ಸುಣ್ಣದ ಅಂಶ ಉಳಿಯುತ್ತದೆ, ಅದು ಒಳ್ಳೆಯದೇ. ಸಾರಜನಕದ ಬಹುಪಾಲು ಹೊಗೆಯಲ್ಲಿ ಹೋಗುತ್ತದೆ. ನೆಲದ ಜೀವಿಗಳು ತಿಂಗಳುಗಟ್ಟಲೆ ಉಣ್ಣಬೇಕಿದ್ದ ಶಕ್ತಿ ಕೆಲವೇ ನಿಮಿಷಗಳಲ್ಲಿ ಗಾಳಿ ಕಾಯಿಸಿ ಮುಗಿಯುತ್ತದೆ. ಬೆಂಕಿ ಪಕ್ಕದ ಕಾಡಿಗೆ ಹಬ್ಬುವ ಅಪಾಯ ಬೇರೆ. ದಯವಿಟ್ಟು ಸುಡಬೇಡಿ.

ದರಕನ್ನು ಕೊಟ್ಟಿಗೆಗೆ ಹಾಸಿ ಗೊಬ್ಬರ ಮಾಡುವ ಹಿರಿಯರ ಪದ್ಧತಿಗೆ ಗಟ್ಟಿ ಕಾರಣವಿದೆ. ಬರೀ ದರಕಿನಲ್ಲಿ ಇಂಗಾಲ ಹೆಚ್ಚು, ಸಾರಜನಕ ಕಡಿಮೆ. ಮಣ್ಣಿಗೆ ಬೆರೆಸಿದರೆ ಸೂಕ್ಷ್ಮಜೀವಿಗಳು ಮಣ್ಣಿನ ಸಾರಜನಕವನ್ನೇ ಕೆಲವು ಕಾಲ ಕಸಿದುಕೊಳ್ಳುತ್ತವೆ. ಸಗಣಿ, ಗಂಜಲ ಆ ಕೊರತೆ ತುಂಬುತ್ತವೆ. ದನವಿಲ್ಲದಿದ್ದರೆ ಹಸಿರು ಗೊಬ್ಬರದ ಗಿಡವಾದ ಗ್ಲಿರಿಸಿಡಿಯಾದ ಸೊಪ್ಪು ಬೆರೆಸಿ.

ಆಳಿನ ಕಷ್ಟ ನನಗೆ ಅರ್ಥವಾಗುತ್ತದೆ. ತೋಟದಲ್ಲೇ ಬೀಳುವ ಅಡಿಕೆ ಸೋಗೆಯನ್ನು ಕತ್ತರಿಸಿ ಬುಡಕ್ಕೆ ಹಾಕಿದರೆ ಹೊರುವ ಕೆಲಸ ಅಷ್ಟಾದರೂ ಕಡಿಮೆಯಾಗುತ್ತದೆ. ಬೆಟ್ಟವನ್ನೂ ಪ್ರತಿವರ್ಷ ನೆಲ ಕಾಣುವಂತೆ ಗುಡಿಸಬೇಡಿ. ಅಲ್ಲಿನ ಮರಗಳಿಗೂ ಅವುಗಳ ಬುಡದ ಜೀವಿಗಳೇ ಉಣಿಸಬೇಕು. ಬೆಟ್ಟವನ್ನು ಭಾಗ ಮಾಡಿಕೊಂಡು, ಒಂದೊಂದು ವರ್ಷ ಒಂದೊಂದು ಭಾಗದ ದರಕನ್ನು ಅಲ್ಲೇ ಬಿಡಿ.