ಮಲಯಾಳಂ ಸಿನಿಮಾಗಳಲ್ಲಿ ಕಾಣುವುದು ನಿಜವಾದ ಕೇರಳವೇ?

ಸಿನಿಮಾದಲ್ಲಿ ಕಾಣುವ ಊರು, ಜನ ನಿಜಕ್ಕೂ ಹಾಗೇ ಇದ್ದಾರಾ, ಇಲ್ಲ ಹೊರಗಿನವರಾದ ನಮಗೆ ಹಾಗನ್ನಿಸುತ್ತಾ ಎಂದು ಕೇಳಿದ್ದೀರಿ. ಬಹುಮಟ್ಟಿಗೆ ನಿಜ ಅಂತಲೇ ಹೇಳ್ತೀನಿ. ಯಾಕೆಂದರೆ ಅಲ್ಲಿನ ಒಳ್ಳೆಯ ನಿರ್ದೇಶಕರು ಇಡೀ ಕೇರಳವನ್ನು ತೋರಿಸಲು ಹೋಗುವುದೇ ಇಲ್ಲ. ಒಂದೂರು, ಒಂದು ಸಮುದಾಯ, ಒಂದು ಮನೆಯನ್ನು ಹಿಡಿದು ಕೂರುತ್ತಾರೆ. ‘ಸುಡಾನಿ ಫ್ರಮ್ ನೈಜೀರಿಯಾ’ (2018) ಮಲಪ್ಪುರಂನ ಸೆವೆನ್ಸ್ (ತಂಡಕ್ಕೆ ಏಳೇ ಆಟಗಾರರ) ಫುಟ್‌ಬಾಲ್ ಮೈದಾನದ್ದು. ‘ಈ.ಮ.ಯೌ’ ಚೆಲ್ಲಾನಂ ಕಡಲತೀರದ ಒಂದು ಸಾವಿನ ಮನೆಯದ್ದು.

ನಮ್ಮ ಗಡಿಗೆ ಅಂಟಿಕೊಂಡ ಕಾಸರಗೋಡನ್ನೇ ನೋಡಿ. ದಿಲೀಶ್ ಪೋತನ್ ಅವರ ‘ತೊಂಡಿಮುದಲುಂ ದೃಕ್ಸಾಕ್ಷಿಯುಂ’ (2017) ನಡೆಯುವುದು ಅಲ್ಲಿ. ಮನೆಯವರ ವಿರೋಧ ಕಟ್ಟಿಕೊಂಡು ಬೇರೆ ಜಾತಿಯಲ್ಲಿ ಮದುವೆಯಾದ ಜೋಡಿ ದಕ್ಷಿಣದಿಂದ ಇಲ್ಲಿಗೆ ಬಂದು ನೆಲೆಸುತ್ತದೆ. ಬಸ್ಸಿನಲ್ಲಿ ಅವಳ ಚಿನ್ನದ ಸರ ಕಳುವಾಗುತ್ತದೆ, ಕಳ್ಳ ಅದನ್ನು ನುಂಗಿಬಿಡುತ್ತಾನೆ. ಆಮೇಲೆ ಠಾಣೆಯಲ್ಲಿ ಸರ ಹೊರಬರುವುದನ್ನೇ ಕಾಯುವ ಕಥೆ. ಪೊಲೀಸರ ಪಾತ್ರಗಳಲ್ಲಿ ಅನೇಕರು ನಿಜ ಜೀವನದಲ್ಲೂ ಪೊಲೀಸರೇ. ಆ ಠಾಣೆಯ ಮಾತು, ಗದರಿಕೆ, ಸುಸ್ತು ಯಾವುದೂ ನಟನೆ ಅನ್ನಿಸದಿರುವುದಕ್ಕೆ ಇದೂ ಒಂದು ಕಾರಣ.

ಆದರೆ ನನ್ನನ್ನು ಹೆಚ್ಚು ಕಾಡಿದ್ದು ಜಿಯೋ ಬೇಬಿ ಅವರ ‘ದಿ ಗ್ರೇಟ್ ಇಂಡಿಯನ್ ಕಿಚನ್’ (2021). ಹೊಸದಾಗಿ ಮದುವೆಯಾಗಿ ಬಂದ ಸೊಸೆಯ ಕಥೆ ಅದು. ಅದರಲ್ಲಿ ಮಾವ ಎಲ್ಲೂ ದನಿ ಏರಿಸುವುದಿಲ್ಲ. ಅನ್ನ ಕುಕ್ಕರಿನಲ್ಲಿ ಬೇಡ, ಸೌದೆ ಒಲೆಯಲ್ಲೇ ಆಗಲಿ ಎಂದು ಮೆತ್ತಗೆ ಹೇಳುತ್ತಾನೆ. ಗಂಡಸರು ಉಂಡು, ನುಗ್ಗೆಕಾಯಿಯ ಸಿಪ್ಪೆಯನ್ನು ಮೇಜಿನ ಮೇಲೆಯೇ ಉಗುಳಿ ಏಳುತ್ತಾರೆ. ಹೆಂಗಸರು ಅದೇ ಮೇಜಿಗೆ ಊಟಕ್ಕೆ ಕೂರಬೇಕು. ಸೊಸೆ ಕೆಲಸಕ್ಕೆ ಹೋಗುತ್ತೇನೆ ಎಂದಾಗ, ತನ್ನ ಹೆಂಡತಿಯೂ ಸ್ನಾತಕೋತ್ತರ ಪದವೀಧರೆಯೇ, ಆದರೂ ಮನೆಯಲ್ಲೇ ಉಳಿದಳು ಎಂದು ಅವನು ಹೆಮ್ಮೆಯಿಂದ ಹೇಳುತ್ತಾನೆ. ಹೆಣ್ಣುಮಕ್ಕಳ ಓದಿನಲ್ಲಿ ದೇಶಕ್ಕೇ ಮಾದರಿ ಎನಿಸಿಕೊಂಡ ರಾಜ್ಯವನ್ನು ಅದರದೇ ಅಡುಗೆಮನೆಯಲ್ಲಿ ನಿಲ್ಲಿಸಿ ಪ್ರಶ್ನಿಸಿದ ಸಿನಿಮಾ ಇದು.

ಹಾಗಂತ ಈ ಚಿತ್ರರಂಗ ಎಲ್ಲವನ್ನೂ ನೇರವಾಗಿ ನೋಡಿದೆ ಎನ್ನಲಾರೆ. ಅದರ ಮೊದಲ ನಾಯಕಿ ಪಿ.ಕೆ. ರೋಸಿ ದಲಿತ ಹೆಣ್ಣುಮಗಳು. ನಾಯರ್ ಮಹಿಳೆಯ ಪಾತ್ರ ಮಾಡಿದರೆಂಬ ಸಿಟ್ಟಿಗೆ ಮೇಲ್ಜಾತಿಯವರು ದಾಳಿ ಮಾಡಿ, ಅವರು ಊರನ್ನೇ ಬಿಟ್ಟು ಓಡುವಂತಾಯಿತು. ಇಂದಿಗೂ ದಲಿತರ ಬದುಕು ತೆರೆಯ ಮೇಲೆ ಬರುವುದು ಕಡಿಮೆ, ಅವರೇ ಹೇಳುವ ಕಥೆಗಳಂತೂ ಇನ್ನೂ ಕಡಿಮೆ. ಚಿತ್ರರಂಗದ ಹೆಣ್ಣುಮಕ್ಕಳ ಪಾಡಿನ ಬಗ್ಗೆ ಕೇರಳ ಸರ್ಕಾರ ನೇಮಿಸಿದ್ದ ನ್ಯಾಯಮೂರ್ತಿ ಹೇಮಾ ಸಮಿತಿ 2019ರಲ್ಲೇ ಕೊಟ್ಟ ವರದಿ ಜನರ ಮುಂದೆ ಬರಲು 2024ರ ಆಗಸ್ಟ್ ಆಗಬೇಕಾಯಿತು.

ನೋಡುವುದಾದರೆ ಡಬ್ಬಿಂಗ್ ಬಿಟ್ಟು ಮೂಲ ಧ್ವನಿಯಲ್ಲೇ ನೋಡಿ. ಊರೂರಿಗೆ ಬದಲಾಗುವ ಮಾತಿನ ಧಾಟಿ ಡಬ್ಬಿಂಗಿನಲ್ಲಿ ಪೂರ್ತಿ ಕಳೆದುಹೋಗುತ್ತದೆ.