ನಾಲ್ಕು ಸಾಕೆಟ್ ಇದ್ದರೂ ಟ್ರೈಡೆಂಟ್‌ನಲ್ಲಿ ಇನ್‌ಸೈಟ್ ಯಾಕೆ ಆಗಲಿಲ್ಲ? ಯಾವ ರೆಸಿಪಿ ಯಾವ ಆಯುಧಕ್ಕೆ?

ನೀವು ಕೇಳಿರುವುದು ಇಷ್ಟು: ಡಯಾಬ್ಲೊ 2 ರಿಸರೆಕ್ಟೆಡ್ ಅನ್ನುವ ವಿಡಿಯೋ ಗೇಮ್‌ನಲ್ಲಿ ನಾಲ್ಕು ಸಾಕೆಟ್‌ನ (ರೂನ್ ಕೂರಿಸುವ ತೂತು) ಒಂದು ಟ್ರೈಡೆಂಟ್, ಅಂದರೆ ತ್ರಿಶೂಲ, ಸಿಕ್ಕಿತು. ರಾಲ್, ಟಿರ್, ಟಾಲ್, ಸೋಲ್ ಅನ್ನುವ ನಾಲ್ಕು ರೂನ್‌ಗಳನ್ನೂ (ಅಕ್ಷರ ಕೆತ್ತಿದ ಮಾಯದ ಕಲ್ಲು) ಅದೇ ಕ್ರಮದಲ್ಲಿ ಹಾಕಿದಿರಿ. ಅವು ಸೇರಿ ಇನ್‌ಸೈಟ್ ಅನ್ನುವ ರೂನ್‌ವರ್ಡ್, ಅಂದರೆ ರೂನ್‌ಗಳ ಪದ, ಆಗಲೇ ಇಲ್ಲ. ಎರಡನೇ ಆಕ್ಟ್‌ನ (ಆಟದ ಎರಡನೇ ಭಾಗ) ಮರ್ಸೆನರಿ, ಅಂದರೆ ಕೂಲಿಗೆ ಬರುವ ಜೊತೆಗಾರ, ಟ್ರೈಡೆಂಟನ್ನು ಆರಾಮಾಗಿ ಹಿಡಿಯುತ್ತಾನೆ, ಮತ್ತೆ ರೆಸಿಪಿಗೆ ಏನು ಕಷ್ಟ ಅಂತ ನಿಮ್ಮ ಪ್ರಶ್ನೆ.

ಉತ್ತರ ಒಂದೇ ಸಾಲಿನದು. ಟ್ರೈಡೆಂಟ್ ಭರ್ಜಿಯ ಜಾತಿ, ಇನ್‌ಸೈಟ್ ಭರ್ಜಿಗೆ ಆಗುವುದಿಲ್ಲ, ಪೋಲ್‌ಆರ್ಮ್ (ಉದ್ದ ಕೋಲಿಗೆ ಅಲಗು ಕಟ್ಟಿದ ಆಯುಧ), ಸ್ಟಾಫ್‌ನಂಥವಕ್ಕೆ ಆಗುತ್ತದೆ. ಮರ್ಸೆನರಿಗೆ ಭರ್ಜಿ, ಪೋಲ್‌ಆರ್ಮ್ ಎರಡೂ ಆಗುತ್ತದೆ, ಜಾವಲಿನ್ ಕೊಟ್ಟರೂ ಹಿಡಿಯುತ್ತಾನೆ. ಆದರೆ ಅವನ ಕೈಗೆ ಏನು ಹೊಂದುತ್ತದೆ ಅನ್ನುವುದು ಬೇರೆ ಪಟ್ಟಿ, ರೆಸಿಪಿಗೆ ಏನು ಹೊಂದುತ್ತದೆ ಅನ್ನುವುದು ಬೇರೆ ಪಟ್ಟಿ. ಈ ಎರಡು ಪಟ್ಟಿ ಒಂದೇ ಅಂದುಕೊಂಡು ರೂನ್ ಕಳೆದುಕೊಂಡವರಲ್ಲಿ ನೀವು ಮೊದಲಿನವರೇನಲ್ಲ.

ಈಗ ನಿಮ್ಮ ಟ್ರೈಡೆಂಟ್ ಮೇಲೆ ಮೌಸ್ ಇಟ್ಟು ನೋಡಿ. 5ರಿಂದ 30 ಬೆಂಕಿ ಏಟು, ಸ್ವಲ್ಪ ವಿಷ, ಶತ್ರು ಸತ್ತಾಗಲೆಲ್ಲ 2 ಮಾನಾ (ಮಂತ್ರದ ಶಕ್ತಿ), ಕನಿಷ್ಠ ಏಟಿಗೆ 9 ಜಾಸ್ತಿ. ನಾಲ್ಕು ರೂನ್‌ಗಳೂ ಬಿಡಿಬಿಡಿಯಾಗಿ ತಮ್ಮ ಕೆಲಸ ಮಾಡುತ್ತಿವೆ. ಒಂದಾಗಿಲ್ಲ, ಅಷ್ಟೇ. ಬೇಸರದ ವಿಷಯ ಅಂದರೆ ಅವನ್ನು ಈಗ ಹೊರಗೆ ತೆಗೆಯಲು ಆಗುವುದಿಲ್ಲ. ಒಂದು ಹೆಲ್ ರೂನ್, ಒಂದು ಟೌನ್ ಪೋರ್ಟಲ್ ಸ್ಕ್ರೋಲ್, ಜೊತೆಗೆ ಆ ಆಯುಧ, ಮೂರನ್ನೂ ಕ್ಯೂಬ್‌ಗೆ (ವಸ್ತುಗಳನ್ನು ಸೇರಿಸಿ ಬೇರೆಯದನ್ನು ಮಾಡುವ ಮಾಯದ ಪೆಟ್ಟಿಗೆ) ಹಾಕಿದರೆ ಸಾಕೆಟ್ ಖಾಲಿಯಾಗುತ್ತದೆ ನಿಜ, ಆದರೆ ಒಳಗಿದ್ದ ರೂನ್ ಹೋದವೇ. ಒಂದು ಟ್ರೈಡೆಂಟ್‌ಗೋಸ್ಕರ ಹೆಲ್ ರೂನ್ ಸುಡಬೇಡಿ.

ಆಯುಧದ ಜಾತಿ ಗೊತ್ತಾಗುವುದು ಹೆಸರಿನಿಂದಲ್ಲ, ವಿವರದ ಪೆಟ್ಟಿಗೆಯಲ್ಲಿ ವೇಗದ ಜೊತೆ ಬರುವ ಸಾಲಿನಿಂದ. 'ಸ್ಪಿಯರ್ ಕ್ಲಾಸ್', 'ಪೋಲ್‌ಆರ್ಮ್ ಕ್ಲಾಸ್', 'ಸ್ವೋರ್ಡ್ ಕ್ಲಾಸ್' ಅಂತ ಅಲ್ಲಿ ಬರೆದಿರುತ್ತದೆ. ಹೆಸರು ನಂಬಿದರೆ ಕೆಟ್ಟಿರಿ. ಪೋಲ್‌ಆಕ್ಸ್, ಲೊಕಾಬರ್ ಆಕ್ಸ್, ಓಗರ್ ಆಕ್ಸ್, ಕ್ರಿಪ್ಟಿಕ್ ಆಕ್ಸ್, ನಾಲ್ಕರ ಹೆಸರಲ್ಲೂ ಕೊಡಲಿ ಇದೆ. ಒಂದೂ ಕೊಡಲಿಯಲ್ಲ! ಎಲ್ಲ ಪೋಲ್‌ಆರ್ಮ್. ಅದೇ ಪೈಕ್, ಸ್ಪೆಟಮ್, ಬ್ರ್ಯಾಂಡಿಸ್ಟಾಕ್ ನೋಡಲು ಉದ್ದನೆಯ ಕೋಲಿನ ಹಾಗೇ ಇದ್ದರೂ ಭರ್ಜಿಗಳು. ಫ್ಲೇಲ್ ಸರಪಳಿಗೆ ಗುಂಡು ಕಟ್ಟಿದ ಆಯುಧ, ಅದು ಮೇಸ್ ಲೆಕ್ಕಕ್ಕೆ ಬರುತ್ತದೆ. ಈ ಒಂದು ಸಾಲು ಓದುವ ಅಭ್ಯಾಸ ಮಾಡಿಕೊಂಡರೆ ಅರ್ಧ ತಲೆನೋವು ಹೋಯಿತು.

ಉಳಿದರ್ಧ ಬಣ್ಣದ್ದು. ಮೂಲ ಆಟ ಬಂದದ್ದು 2000ದಲ್ಲಿ. ರೂನ್‌ಗಳು ಸೇರಿದ್ದು 2001ರ ಎಕ್ಸ್‌ಪ್ಯಾನ್ಷನ್‌ನಲ್ಲಿ. ಆಗಿನಿಂದ ಇವತ್ತಿನವರೆಗೂ ಹೊಸಬರು ಎಡವುವ ಜಾಗ ಇದೇ. ರೂನ್‌ವರ್ಡ್‌ಗೆ ಬೇಕಾದ್ದು ಯಾವ ಮಾಯೆಯೂ ಇಲ್ಲದ ಸಾದಾ ಆಯುಧ, ಸಾಕೆಟ್ ಇರುವುದರಿಂದ ಹೆಸರು ಬೂದು ಬಣ್ಣದಲ್ಲಿ ಕಾಣುತ್ತದೆ. ಮಾಯೆ ಇರುವ ನೀಲಿಗೋ ಹಳದಿಗೋ ಹಾಕಿದರೆ ಆಗುವುದಿಲ್ಲ. ಕ್ಯೂಬ್‌ನಲ್ಲಿ ಮಾಡುವ ಕ್ರಾಫ್ಟೆಡ್ ಆಯುಧದ್ದು ಪೂರ್ತಿ ಉಲ್ಟಾ. ಅಲ್ಲಿ ನೀಲಿಯೇ ಬೇಕು, ಬಿಳಿ (ಸಾಕೆಟ್ ಇಲ್ಲದ ಸಾದಾ ಆಯುಧ) ಹಾಕಿದರೆ ಕ್ಯೂಬ್ ಸುಮ್ನೆ ಕೂರುತ್ತದೆ. ಇನ್ನು ಸಾಕೆಟ್‌ನ ಸಂಖ್ಯೆ ಪಕ್ಕಾ ಇರಬೇಕು. ನಾಲ್ಕು ರೂನ್‌ನ ಪದಕ್ಕೆ ಐದು ಸಾಕೆಟ್‌ನ ಆಯುಧ ತಂದು ಒಂದನ್ನು ಖಾಲಿ ಬಿಟ್ಟರೆ ನಡೆಯುವುದಿಲ್ಲ.

ನಾನೂ ಸರಿಯಾಗಿ ಕೈ ಸುಟ್ಟುಕೊಂಡಿದ್ದೇನೆ. ಸ್ಪಿರಿಟ್ ಅಂತ ಒಂದು ಪದ ಇದೆ: ಟಾಲ್, ಥುಲ್, ಓರ್ಟ್, ಆಮ್ನ್. ನಾಲ್ಕು ಸಾಕೆಟ್‌ನ ಕತ್ತಿಗೂ ಆಗುತ್ತದೆ, ಗುರಾಣಿಗೂ ಆಗುತ್ತದೆ. ಹೆಲ್ ಕಷ್ಟಮಟ್ಟದಲ್ಲಿ (ನಾರ್ಮಲ್, ನೈಟ್‌ಮೇರ್ ಆದಮೇಲೆ ಬರುವುದು, ಹೆಲ್ ರೂನ್‌ಗೂ ಇದಕ್ಕೂ ಸಂಬಂಧವಿಲ್ಲ) ಒಂದು ಬಿಳಿ ಕ್ರಿಸ್ಟಲ್ ಸ್ವೋರ್ಡ್ ಸಿಕ್ಕಿತು. ಒಳ್ಳೆಯ ಜಾಗದಲ್ಲಿ ಬಿದ್ದ ಕತ್ತಿ ಒಳ್ಳೆಯದೇ ಇರಬೇಕು ಅಂತ ಐದನೇ ಆಕ್ಟ್‌ನ ಲಾರ್ಜುಕ್ ಕೈಗೆ ಕೊಟ್ಟೆ. ಸಾದಾ ಆಯುಧಕ್ಕೆ ಎಷ್ಟು ಸಾಧ್ಯವೋ ಅಷ್ಟೂ ಸಾಕೆಟ್ ಕೊರೆಯುವುದು ಅವನ ಕೆಲಸ. ಒಂದು ಕಷ್ಟಮಟ್ಟದಲ್ಲಿ ಒಂದೇ ಸಲ ಮಾಡಿಕೊಡುತ್ತಾನೆ. ಆರು ಕೊರೆದು ಕೊಟ್ಟ. ಆರು! ನನ್ನ ಹತ್ತಿರ ಇದ್ದದ್ದು ನಾಲ್ಕು ರೂನ್. ಆ ಕತ್ತಿ ಇವತ್ತಿಗೂ ಪೆಟ್ಟಿಗೆಯ ಮೂಲೆಯಲ್ಲಿ ಬಿದ್ದಿದೆ, ಮಾರಲು ಮನಸ್ಸಿಲ್ಲ.

ಆಗ ಗೊತ್ತಾದದ್ದು, ಆಯುಧಕ್ಕೂ ಒಂದು ಲೆವೆಲ್ ಇರುತ್ತದೆ, ಪರದೆಯ ಮೇಲೆ ಕಾಣುವುದಿಲ್ಲ. ಅದನ್ನು ಬೀಳಿಸಿದ ರಾಕ್ಷಸನ ಲೆವೆಲ್ಲೇ ಅದರ ಲೆವೆಲ್. ಗೆರೆಗಳು ಎರಡು, 25 ಮತ್ತು 40. ಕ್ರಿಸ್ಟಲ್ ಸ್ವೋರ್ಡ್ 26ರಿಂದ 40ರ ಒಳಗೆ ಬಿದ್ದಿದ್ದರೆ ಲಾರ್ಜುಕ್ ನಾಲ್ಕು ಕೊಡುತ್ತಾನೆ, 40 ದಾಟಿದ್ದರೆ ಆರು. ಅದಕ್ಕೇ ಹಳಬರು ಸ್ಪಿರಿಟ್ ಕತ್ತಿಗೋಸ್ಕರ ನಾರ್ಮಲ್‌ನ 'ಹಸುಗಳ ಲೆವೆಲ್' ಅನ್ನುವ ಗುಟ್ಟಿನ ಜಾಗಕ್ಕೆ ವಾಪಸ್ ಹೋಗುತ್ತಾರೆ. ಅಲ್ಲಿನ ಹಸುಗಳ ಲೆವೆಲ್ 28. ಹೆಲ್‌ವರೆಗೂ ಬಂದವರು ಒಂದು ಕತ್ತಿಗೋಸ್ಕರ ನಾರ್ಮಲ್ ಹಸುಗಳನ್ನು ಹೊಡೆಯುತ್ತಾ ಕೂರುವುದನ್ನು ಪಕ್ಕದಲ್ಲಿ ನಿಂತು ನೋಡಿದವರಿಗೆ ನಗು ಬರಬಹುದು.

ಲಾರ್ಜುಕ್‌ನ ಸರದಿ ಮುಗಿದಿದ್ದರೆ ಕ್ಯೂಬ್ ಇದೆ. ಒಂದು ರಾಲ್, ಒಂದು ಆಮ್ನ್, ಒಂದು ಪರ್ಫೆಕ್ಟ್ ಅಮೆಥಿಸ್ಟ್, ಜೊತೆಗೆ ಸಾಕೆಟ್ ಇಲ್ಲದ ಬಿಳಿ ಆಯುಧ. ಇದು ಆಯುಧಕ್ಕೆ ಮಾತ್ರ. ಗುರಾಣಿ, ಕವಚ, ಶಿರಸ್ತ್ರಾಣಕ್ಕೆ ಬೇರೆ ಬೇರೆ ರೂನ್, ಬೇರೆ ಬೇರೆ ಹರಳು. 'ಸುಪೀರಿಯರ್' ಅಂತ ಬರೆದಿದ್ದನ್ನು ಈ ರೆಸಿಪಿ ಮುಟ್ಟುವುದಿಲ್ಲ, ಅದನ್ನು ಲಾರ್ಜುಕ್‌ಗೇ ಕೊಡಬೇಕು. ಕ್ಯೂಬ್ ಒಳಗೊಳಗೇ ದಾಳ ಉರುಳಿಸುತ್ತದೆ, 1ರಿಂದ 6. ಬಿದ್ದ ಸಂಖ್ಯೆ ಆಯುಧದ ಮಿತಿಗಿಂತ ಜಾಸ್ತಿಯಾದರೆ ಮಿತಿಗೇ ನಿಲ್ಲುತ್ತದೆ. ಇಲ್ಲೊಂದು ಸಣ್ಣ ಲೆಕ್ಕ ನಮ್ಮ ಕಡೆಗೆ ಬರುತ್ತದೆ. ನಾಲ್ಕೇ ಮಿತಿ ಇರುವ ಆಯುಧಕ್ಕೆ 4, 5, 6 ಯಾವುದು ಬಿದ್ದರೂ ನಾಲ್ಕೇ ಸಾಕೆಟ್, ಅಂದರೆ ಅರ್ಧಕ್ಕರ್ಧ ಅವಕಾಶ. ಆರು ಮಿತಿ ಇರುವುದಕ್ಕೆ ನಾಲ್ಕು ಬೇಕು ಅಂದರೆ ಆರರಲ್ಲಿ ಒಂದೇ. ಹಾಗಾಗಿ ನಾಲ್ಕು ಸಾಕೆಟ್ ಬೇಕಾದಾಗ ಮಿತಿ ನಾಲ್ಕಕ್ಕೆ ಮುಗಿಯುವ ಆಯುಧ ಹುಡುಕುವುದು ಜಾಣತನ. ಕತ್ತಿಯಲ್ಲಿ ಬ್ರಾಡ್ ಸ್ವೋರ್ಡ್ ಅಂಥದ್ದು. ಪೋಲ್‌ಆರ್ಮ್‌ನಲ್ಲಿ ವೌಲ್ಜ್, ಬಿಲ್, ಕೊಲೋಸಸ್ ವೌಲ್ಜ್. ಬಾರ್ಡಿಶ್ ಅಂತ ಒಂದು ಬರುತ್ತದೆ, ಅದರ ಮಿತಿ ಮೂರೇ. ಏನು ಮಾಡಿದರೂ ಇನ್‌ಸೈಟ್ ಆಗದು, ನೆಲದ ಮೇಲೇ ಬಿಡಿ.

ಇಲ್ಲಿಯವರೆಗೆ ಹೇಳಿದ್ದು ರೆಸಿಪಿ ಒಪ್ಪುತ್ತದೋ ಇಲ್ಲವೋ ಅನ್ನುವುದು. ಒಪ್ಪುವ ಹತ್ತು ಆಯುಧಗಳಲ್ಲಿ ಯಾವುದಕ್ಕೆ ಹಾಕಬೇಕು ಅನ್ನುವುದು ನನಗೆ ಅದಕ್ಕಿಂತ ಇಷ್ಟದ ವಿಷಯ. ನಾನು ಕೇಳಿಕೊಳ್ಳುವ ಪ್ರಶ್ನೆ ಒಂದೇ: ಈ ಪದ ಆಯುಧದಿಂದ ಏನನ್ನು ತೆಗೆದುಕೊಳ್ಳುತ್ತದೆ?

ಸ್ಪಿರಿಟ್ ಏನನ್ನೂ ತೆಗೆದುಕೊಳ್ಳುವುದಿಲ್ಲ. ಅದು ಕೊಡುವುದು ಎಲ್ಲ ವಿದ್ಯೆಗೂ 2, ಮಂತ್ರದ ವೇಗ, ಒಂದಷ್ಟು ಮಾನಾ. ಮಂತ್ರದಲ್ಲೇ ಹೋರಾಡುವ ಸೋರ್ಸರೆಸ್ ಆ ಕತ್ತಿಯಿಂದ ಯಾರಿಗೂ ಹೊಡೆಯುವುದಿಲ್ಲ, ಅಲ್ವಾ? ಮತ್ತೆ ಕತ್ತಿ ಎಷ್ಟು ಹರಿತ ಇದ್ದರೇನು. ಕಡಿಮೆ ಶಕ್ತಿ ಕೇಳುವ ಕತ್ತಿ ಸಾಕು. ಕ್ರಿಸ್ಟಲ್ ಸ್ವೋರ್ಡ್ ಕೇಳುವುದು 43 ಸ್ಟ್ರೆಂತ್, ಬ್ರಾಡ್ ಸ್ವೋರ್ಡ್ 48. ದೊಡ್ಡ ಕತ್ತಿಗೆ ಸ್ಪಿರಿಟ್ ಹಾಕಿ, ಆಮೇಲೆ ಅದನ್ನು ಎತ್ತಲಿಕ್ಕೆ ಅಂತ ಸ್ಟ್ರೆಂತ್‌ಗೆ ಪಾಯಿಂಟ್ ಸುರಿಯುವವರನ್ನು ನೋಡಿದ್ದೇನೆ. ಆ ಪಾಯಿಂಟೆಲ್ಲ ಪ್ರಾಣಕ್ಕೆ ಹೋಗಬೇಕಿತ್ತು.

ಇನ್‌ಸೈಟ್ ಹಾಗಲ್ಲ. ಅದು ಏಟನ್ನು 200ರಿಂದ 260 ಶೇಕಡಾ ಏರಿಸುತ್ತದೆ. ಶೇಕಡಾ ಅಂದಮೇಲೆ ಮೂಲ ದೊಡ್ಡದಿದ್ದಷ್ಟೂ ಲಾಭ. ನಿಮ್ಮ ಮಾನಾ ತುಂಬಿಸುವ ಮೆಡಿಟೇಶನ್ ಪ್ರಭಾವಳಿ ಯಾವ ಪೋಲ್‌ಆರ್ಮ್‌ಗೆ ಹಾಕಿದರೂ ಬರುತ್ತದೆ, ಆದರೆ ಮರ್ಸೆನರಿ ಒಳ್ಳೆಯ ಏಟು ಹಾಕಬೇಕು ಅಂದರೆ ಒಳ್ಳೆಯ ಮೂಲ ಬೇಕು. ಎಥೀರಿಯಲ್ ಸಿಕ್ಕರೆ ಹಬ್ಬ. ಮೂಲ ಏಟು ಒಂದೂವರೆ ಪಟ್ಟು, ಬಾಳಿಕೆ ಅರ್ಧ, ರಿಪೇರಿ ಇಲ್ಲ. ನಿಮ್ಮ ಕೈಯಲ್ಲಾದರೆ ಅದು ಒಂದಿನ ಸವೆದು ಕೂರುತ್ತದೆ. ಮರ್ಸೆನರಿಯ ಕೈಯಲ್ಲಿ ಆಯುಧ ಸವೆಯುವುದೇ ಇಲ್ಲ. ಹಾಗಾಗಿ ಎಥೀರಿಯಲ್ ಪೋಲ್‌ಆರ್ಮ್ ಕಂಡರೆ ಸಾಕೆಟ್ ಇಲ್ಲದಿದ್ದರೂ ಎತ್ತಿಕೊಳ್ಳಿ.

ಗ್ರೀಫ್ ಇನ್ನೊಂದು ಬಗೆ. ಎಥ್, ಟಿರ್, ಲೊ, ಮಾಲ್, ರಾಲ್, ಐದು ಸಾಕೆಟ್‌ನ ಕತ್ತಿ ಅಥವಾ ಕೊಡಲಿ. ಇದು ಶೇಕಡಾ ಲೆಕ್ಕ ಹಾಕುವುದಿಲ್ಲ, ನೇರವಾಗಿ 340ರಿಂದ 400 ಏಟು ಸೇರಿಸುತ್ತದೆ. ಮೂಲದಲ್ಲಿ 30 ಇದ್ದರೂ 70 ಇದ್ದರೂ ಆ ರಾಶಿಯ ಮುಂದೆ ಏನೂ ಅಲ್ಲ. ಹಾಗಾದರೆ ಆಯುಧದಿಂದ ಬೇಕಾದ್ದು ಏನು? ವೇಗ. ಅದಕ್ಕೇ ಜನ ಫೇಸ್ ಬ್ಲೇಡ್ ಅನ್ನುವ ಕತ್ತಿ ಹುಡುಕುವುದು. ಅದರ ಏಟು ಬರೀ 31–35, ಆದರೆ ತುಂಬಾ ಚುರುಕು, ಮುರಿಯುವುದೂ ಇಲ್ಲ. ಆದರೆ ಮಿತಿ ಆರು ಇರುವುದರಿಂದ ಲಾರ್ಜುಕ್‌ಗೆ ಕೊಟ್ಟರೆ ನನ್ನ ಕಥೆಯೇ ಆಗುತ್ತದೆ. ಐದಿರುವುದನ್ನೇ ಹುಡುಕಿ, ಇಲ್ಲವೇ ಕ್ಯೂಬ್‌ನ ದಾಳ ನಂಬಿ. ಗ್ರೀಫ್ ಮಾಡಲು ಲೊ ಬೇಕು, 33 ರೂನ್‌ಗಳಲ್ಲಿ ಅದು 28ನೆಯದು. ನಿಮಗೆ ಸದ್ಯಕ್ಕೆ ಈ ಚಿಂತೆ ಬೇಡ ಬಿಡಿ.

ಬ್ರೆತ್ ಆಫ್ ದ ಡೈಯಿಂಗ್ ಅಂತೂ ಇದಕ್ಕೆ ವಿರುದ್ಧ. ಆರು ಸಾಕೆಟ್, ಶೇಕಡಾ ಲೆಕ್ಕದ ದೊಡ್ಡ ಏರಿಕೆ, ಒಳಗೆ ಜೋಡ್ ರೂನ್. ಜೋಡ್ ಇದ್ದರೆ ಆಯುಧ ಸವೆಯುವುದಿಲ್ಲ. ಎಥೀರಿಯಲ್‌ನ ಒಂದೇ ದೋಷ ಅಲ್ಲಿಗೆ ಮಾಯ. ಎಥೀರಿಯಲ್ ಬರ್ಸರ್ಕರ್ ಆಕ್ಸ್ ಇದಕ್ಕೆ ಮಾಡಿಸಿದ ಹಾಗಿದೆ. ಅದೇ ಕೊಡಲಿಗೆ ಗ್ರೀಫ್ ಹಾಕುವಾಗ ಎಥೀರಿಯಲ್ ಆಗಿದ್ದರೆ ಏನೂ ಉಪಯೋಗವಿಲ್ಲ, ಸವೆತ ಮಾತ್ರ ಉಳಿಯುತ್ತದೆ. ಒಂದೇ ಆಯುಧ, ಎರಡು ಪದ, ಎರಡು ಲೆಕ್ಕ.

ಶುರುವಿನಲ್ಲಿ ಕೈಗೆಟುಕುವವು ಇವೆ, ಬೇಗ ಹೇಳಿ ಮುಗಿಸುತ್ತೇನೆ. ಟಿರ್, ಎಲ್ ಎರಡು ಸಾಕೆಟ್‌ನ ಕತ್ತಿ, ಕೊಡಲಿ, ಮೇಸ್‌ಗೆ ಹಾಕಿದರೆ ಸ್ಟೀಲ್. ಟಿರ್, ರಾಲ್ ಎರಡು ಸಾಕೆಟ್‌ನ ಸ್ಟಾಫ್‌ಗೆ ಲೀಫ್, ಬೆಂಕಿ ಸೋರ್ಸರೆಸ್‌ಗೆ ನಾರ್ಮಲ್ ಪೂರ್ತಿ ಸಾಕಾಗುತ್ತದೆ. ಓರ್ಟ್, ಎಥ್ ಬಿಲ್ಲಿಗೆ ಝೆಫಿರ್. ಸ್ಟೀಲ್‌ನಲ್ಲೂ ಲೀಫ್‌ನಲ್ಲೂ ಟಿರ್ ಮೊದಲು. ತಿರುವುಮುರುವು ಹಾಕಿದರೆ ಎರಡೂ ಆಗುವುದಿಲ್ಲ.

ಕ್ರಾಫ್ಟೆಡ್ ಆಯುಧಗಳ ಮಾತು ಬಂದಿತ್ತಲ್ಲ, ಅಲ್ಲೂ ಜಾತಿಯೇ ಮುಖ್ಯ. ನೀಲಿ ಆಯುಧ, ಯಾವುದಾದರೂ ಒಂದು ಜ್ಯುವೆಲ್, ಒಂದು ರೂನ್, ಒಂದು ಪರ್ಫೆಕ್ಟ್ ಹರಳು. ಕೊಡಲಿಗೆ ಓರ್ಟ್ ಮತ್ತು ರೂಬಿ ಹಾಕಿದರೆ ರಕ್ತ ಹೀರುವ ಬ್ಲಡ್ ಆಯುಧ. ಸ್ಟಾಫ್, ವಾಂಡ್, ಸೆಪ್ಟರ್‌ಗೆ ಟಿರ್ ಮತ್ತು ಅಮೆಥಿಸ್ಟ್ ಹಾಕಿದರೆ ಕ್ಯಾಸ್ಟರ್. ಗುದ್ದುವ ಜಾತಿಗೆ ಅದೇ ಟಿರ್, ಆದರೆ ಸಫೈರ್, ಅದು ಹಿಟ್ ಪವರ್. ಭರ್ಜಿ ಮತ್ತು ಜಾವಲಿನ್‌ಗೆ ಸೋಲ್ ಮತ್ತು ಎಮರಾಲ್ಡ್, ಅದು ಸೇಫ್ಟಿ. ಅಂದರೆ ನೀಲಿ ಟ್ರೈಡೆಂಟ್‌ಗೂ ಒಂದು ರೆಸಿಪಿ ಇದೆ! ಆದರೆ ಸೇಫ್ಟಿ ಆಯುಧಕ್ಕೆ ಗ್ಯಾರಂಟಿಯಾಗಿ ಬರುವುದು ರಕ್ಷಣೆಯ ಗುಣ. ಏಟು ಹಾಕಲು ಹಿಡಿದ ಭರ್ಜಿಯಲ್ಲಿ ರಕ್ಷಣೆ ಯಾರಿಗೆ ಬೇಕು? ಸೋಲ್ ಉಳಿಸಿಕೊಳ್ಳಿ. ಬ್ಲಡ್ ಒಂದನ್ನು ಬಿಟ್ಟು ಉಳಿದ ಕ್ರಾಫ್ಟೆಡ್ ಆಯುಧಗಳಿಗೆ ನಾನು ಹರಳು ಖರ್ಚು ಮಾಡುವುದಿಲ್ಲ.

ಇನ್ನೊಂದು ಮಾತು. ಹಳೇ ಆಟ ಆಡಿದವರು ಯಾರಾದರೂ "ಇನ್‌ಸೈಟ್ ಲ್ಯಾಡರ್‌ನಲ್ಲಿ ಮಾತ್ರ ಆಗುವುದು" (ಲ್ಯಾಡರ್ ಅಂದರೆ ಆನ್‌ಲೈನ್ ಸೀಸನ್‌ನ ಪೈಪೋಟಿ) ಅಂತ ಹೇಳಿದರೆ ಗಾಬರಿ ಬೇಡ. ಹಿಂದೆ ಹಾಗಿತ್ತು. 2021ರಲ್ಲಿ ಬಂದ ರಿಸರೆಕ್ಟೆಡ್‌ನಲ್ಲಿ ಆಫ್‌ಲೈನ್‌ನಲ್ಲೂ ಆಗುತ್ತದೆ. ನಿಮ್ಮದು ಆಗದೇ ಇದ್ದದ್ದಕ್ಕೆ ಟ್ರೈಡೆಂಟೇ ಕಾರಣ.

ಈಗ ಮಾಡಬೇಕಾದ್ದು ಹೇಳುತ್ತೇನೆ. ನಾರ್ಮಲ್‌ನಲ್ಲಿ ಗೋಪುರದ ರಾಕ್ಷಸಿ ಕೌಂಟೆಸ್ ರಾಲ್‌ವರೆಗಿನ ರೂನ್ ಬೀಳಿಸುತ್ತಾಳೆ, ಆದ್ದರಿಂದ ರಾಲ್, ಟಿರ್, ಟಾಲ್ ಮೂರಕ್ಕೂ ಅವಳ ಗೋಪುರವೇ ಸಾಕು, ನಾಲ್ಕೈದು ಸಲ ಹೋಗಿ ಬನ್ನಿ. ಸೋಲ್ ಸಿಗದಿದ್ದರೆ ಮೂರು ಆಮ್ನ್ ಮತ್ತು ಒಂದು ಚಿಪ್ಡ್ ಅಮೆಥಿಸ್ಟ್ ಕ್ಯೂಬ್‌ಗೆ ಹಾಕಿ ಮಾಡಿಕೊಳ್ಳಬಹುದು. ಅಷ್ಟರಲ್ಲಿ ಬೂದು ಬಣ್ಣದ ನಾಲ್ಕು ಸಾಕೆಟ್‌ನ ಪೋಲ್‌ಆರ್ಮ್ ಸಿಕ್ಕರೆ ಸರಿ. ಸಿಗದಿದ್ದರೆ ನೈಟ್‌ಮೇರ್‌ನಲ್ಲಿ ಸ್ವಲ್ಪ ಮುಂದೆ ಹೋದಮೇಲೆ ಬೀಳುವ ಬಿಳಿ ವೌಲ್ಜ್ ಅಥವಾ ಬಿಲ್ ಹಿಡಿದುಕೊಂಡು ಕ್ಯೂಬ್‌ನ ದಾಳ ಆಡಿ. ಆ ರೆಸಿಪಿಗೇ ಒಂದು ರಾಲ್ ಹೋಗುತ್ತದೆ, ಇನ್‌ಸೈಟ್‌ಗೆ ಇನ್ನೊಂದು, ಒಟ್ಟು ಎರಡು ಎತ್ತಿಟ್ಟುಕೊಂಡು ಶುರು ಮಾಡಿ. ನಾನು ಒಂದನ್ನೇ ಇಟ್ಟುಕೊಂಡು ಸಾಕೆಟ್ ಮಾಡಿಸಿ, ಮತ್ತೆ ಕೌಂಟೆಸ್ ಮನೆ ಬಾಗಿಲಿಗೆ ಹೋಗಿದ್ದೆ.